ಕಾಗದದ ಅಟ್ಟೆ

ಆ ಚಳಿಗಾಲದಲ್ಲಿ ಆನ್‌ದೋಂಗ್ ಊರಿನ ಗೋಡೆಗಳೆಲ್ಲ ಕೊರಿಯಾಕ್ಕೆ ನೆರವು ಕೇಳುತ್ತಿದ್ದವು. ಗಡಿಯಾಗಿದ್ದ ಯಾಲು ನದಿಯ ಆಚೆ ದಡದಲ್ಲಿ, ಕೊರಿಯಾದಲ್ಲಿ, ಯುದ್ಧ; ಈಚೆ ದಡದಲ್ಲಿ ಭಿತ್ತಿಪತ್ರ. ಹಳೆಯದರ ಮೇಲೆ ಹೊಸದನ್ನು ಅಂಟಿಸಿ ಅಂಟಿಸಿ, ಹಿಟ್ಟಿನ ಗಿರಣಿಯ ಗೋಡೆಯ ಮೇಲೆ ಕಾಗದ ಬೆರಳುದಪ್ಪ ಕೂತಿತ್ತು.

ಲುವಾನ್ ಗುಯಿಲಾನ್ ಆ ಗಿರಣಿಯ ಹಿಂದಿನ ಓಣಿಯವಳು. ಗಂಡ ರೈಲ್ವೆಯಲ್ಲಿ ಕಲ್ಲಿದ್ದಲು ತುಂಬುತ್ತಿದ್ದ. ಒಬ್ಬಳೇ ಮಗಳು. ಓಣಿಯ ಹೆಂಗಸರ ಸಂಘದ ಮುಖ್ಯಸ್ಥೆ ಫಾಂಗ್ ಚಿಕ್ಕಮ್ಮ, ನದಿ ದಾಟಿದ ಸೈನಿಕರಿಗೆ ಬಟ್ಟೆಜೋಡು ಹೊಲಿಯುವ ಕೆಲಸವನ್ನು ಮನೆಮನೆಗೆ ಹಂಚಿದಳು. ಮೇಲ್ಭಾಗದ ಬಟ್ಟೆ ಸಂಘದ್ದು, ಅಂಗಾಲಡಿಯ ಅಟ್ಟೆಗೆ ಬೇಕಾದ ಚಿಂದಿ ಅವರವರ ಮನೆಯದು. ಚಿಂದಿಗೆ ಗಂಜಿ ಬಳಿದು, ಬಾಗಿಲ ಹಲಗೆಯ ಮೇಲೆ ಪದರ ಪದರವಾಗಿ ಅಂಟಿಸಿ ಒಣಗಿಸಿ, ಸೆಣಬಿನ ದಾರದಲ್ಲಿ ಒತ್ತಾಗಿ ಹೊಲಿಯುವುದು ಅಲ್ಲಿನ ಹೆಂಗಸರಿಗೆ ಹೇಳಿಕೊಡಬೇಕಾದ ಕೆಲಸವಲ್ಲ.

ಗುಯಿಲಾನಳ ಪೆಟ್ಟಿಗೆಯಲ್ಲಿ ಚಿಂದಿ ಇತ್ತು. ಮಗಳ ಹತ್ತಿಯಂಗಿಯ ಒಳಪದರಕ್ಕೆಂದು ಎತ್ತಿಟ್ಟಿದ್ದಳು. ಒಂದು ದಿನ ಗಾಳಿಗೆ ಗಿರಣಿಯ ಗೋಡೆಯಿಂದ ಭಿತ್ತಿಪತ್ರಗಳ ದಪ್ಪ ಹೆಕ್ಕಳಿಕೆಯೊಂದು ಕಳಚಿ ಬಿತ್ತು. ಒಲೆಗಾಯಿತೆಂದು ಎತ್ತಿಕೊಂಡಳು. ಕೈಗೆ ಬಂದಾಗ ಹೊಳೆಯಿತು: ಗಂಜಿ, ಪದರ, ಬಿಗಿ, ಎಲ್ಲ ಆಗಲೇ ಅದರಲ್ಲಿತ್ತು. ಮೇಲೊಂದು ಕೆಳಗೊಂದು ಬಟ್ಟೆ ಕೊಟ್ಟು, ನಡುವೆ ಆ ಕಾಗದವನ್ನೇ ಇಟ್ಟು ಹೊಲಿದಳು.

ಉಳಿದವರ ಅಟ್ಟೆಗಳಲ್ಲಿ ಚಿಂದಿಯ ಗಂಟುಗಳು ಉಬ್ಬಿದ್ದವು. ಗುಯಿಲಾನಳದು ಹಲಗೆಯಂತೆ ಮಟ್ಟಸ. ಫಾಂಗ್ ಚಿಕ್ಕಮ್ಮ ಅವನ್ನು ಎಲ್ಲರಿಗೂ ತೋರಿಸಿ ಹೊಗಳಿದಳು. ಪ್ರಚಾರ ತಂಡದಿಂದ ಯಿನ್ ಎಂಬ ಚಿತ್ರಗಾರ್ತಿ ಬಂದು, ಕೆಳಗೆ ಬೆಂಕಿಯಿಟ್ಟ ಮನೆಯೊಳಗಿನ ಬಿಸಿ ಜಗುಲಿಯ ಮೇಲೆ ಸೂಜಿ ಎತ್ತಿ ಕೂತ ಗುಯಿಲಾನಳನ್ನು ಬರೆದುಕೊಂಡು ಹೋದಳು. ಕೆಲವೇ ದಿನಗಳಲ್ಲಿ ಆ ಮುಖ ಗೋಡೆ ಏರಿತು. ಕೆಳಗೆ ಕೆಂಪು ಅಕ್ಷರ: ‘ಕೊರಿಯಾ ಉಳಿದರೆ ನಮ್ಮ ಮನೆಯೂ ಉಳಿಯುತ್ತದೆ. ಈ ತಾಯಿ ಹೊಲಿಯುತ್ತಿದ್ದಾಳೆ. ನೀವು?’

“ಮನೇಲೂ ನೀನೇ, ಗೋಡೆ ಮೇಲೂ ನೀನೇ. ನಾನಿನ್ನು ಎಲ್ಲಿಗೆ ಹೋಗ್ಲಿ ಮಾರಾಯ್ತಿ?” ಎಂದು ಗಂಡ ಛೇಡಿಸಿದ. ಅವಳು ನಗಲಿಲ್ಲ. ನೀರಿಗೆ ಆ ಗೋಡೆಯನ್ನು ತಪ್ಪಿಸಿ ಸುತ್ತುದಾರಿಯಲ್ಲಿ ಹೋಗತೊಡಗಿದಳು.

ಒಂದು ಮಧ್ಯಾಹ್ನ ಬಿಸಿಲಿಗೆ ಹಿಮ ಕರಗಿತು. ಹರಿದು ಬಿದ್ದ ಭಿತ್ತಿಪತ್ರವೊಂದು ಚರಂಡಿಯ ಪಕ್ಕ ನೆನೆದು ಜೋಳದ ಅಂಬಲಿಯಂತಾಗಿತ್ತು. ಗಾಡಿಯ ಚಕ್ರ ಹಾದಾಗ ಚಿತ್ರದಲ್ಲಿದ್ದ ಅವಳದೇ ಕೆನ್ನೆ ಪಿಚ್ಚನೆ ಒಡೆಯಿತು. ಅಂಥ ಕಾಗದದ ಅಟ್ಟೆಯ ಮೇಲೆ ಹಿಮದಲ್ಲಿ ನಡೆಯುವ ಸೈನಿಕರು ಕಣ್ಣಮುಂದೆ ಬಂದರು. ಗುಯಿಲಾನ್ ಜೋಡುಗಳನ್ನು ಕೂಡಿಡುತ್ತಿದ್ದ ಉಗ್ರಾಣಕ್ಕೆ ಓಡಿದಳು. ಒಂದರಲ್ಲಿ ಸೂಜಿ ಬಿಟ್ಟಿದ್ದೇನೆ, ನನ್ನ ಜೋಡುಗಳನ್ನು ವಾಪಸು ಕೊಡಿ ಎಂದು ಸುಳ್ಳು ಹೇಳಿದಳು.

ಉಗ್ರಾಣದ ಮುದುಕ ಗೆಂಗ್ ಇಲ್ಲವೆಂದು ತಲೆಯಾಡಿಸಿದ. “ಭಿತ್ತಿಪತ್ರದ ಅತ್ತಿಗೆ ಅಲ್ವಾ ನೀವು? ನಿಮ್ಮವು ಹೋಗಾಯ್ತು. ಒಳ್ಳೇವನ್ನ ಆರಿಸಿ ಮೊದಲನೇ ಗಾಡಿಗೆ ಹಾಕಿದ್ವಿ. ಎಲ್ಲಾರಿಗಿಂತ ಮುಂದೆ ಇರೋರಿಗೆ ಅಂತ.”

ಮರುದಿನ ಫಾಂಗ್ ಚಿಕ್ಕಮ್ಮನ ಮನೆಯಲ್ಲಿ ಹೆಂಗಸರು ಸೇರಿದರು. ಅಟ್ಟೆ ಅಷ್ಟು ಮಟ್ಟಸವಾಗುವ ಗುಟ್ಟನ್ನು ಗುಯಿಲಾನ್ ಕಲಿಸಬೇಕಿತ್ತು. ಅವಳು ನಿಂತೇ ಹೇಳಿದಳು: “ಒಳಗಿದ್ದದ್ದು ಬಟ್ಟೆ ಅಲ್ಲ. ಗೋಡೆ ಕಾಗದ.”

ಹೆಂಗಸರು ನಕ್ಕರು. ಹೊಗಳಿಕೆಗೆ ನಾಚಿ ಏನೋ ಹೇಳುತ್ತಿದ್ದಾಳೆ ಎಂದುಕೊಂಡರು. ಸುಂಗ್ ಅತ್ತಿಗೆ ಮಾತ್ರ ನಗಲಿಲ್ಲ. ಅವಳ ಮಗ ನದಿ ದಾಟಿ ಹೋದವನು.

“ಯಾವ ಗಾಡೀಲಿ ಹೋದ್ವು?”

“ಮೊದಲನೇದ್ರಲ್ಲಿ.”

ನಗು ನಿಂತಿತು. ಫಾಂಗ್ ಚಿಕ್ಕಮ್ಮ ಎದ್ದು ಬಾಗಿಲು ಹಾಕಿದಳು. ಚಿತ್ರ ಪ್ರಾಂತಕ್ಕೆಲ್ಲ ಹೋಗಿದೆ, ಈ ಮಾತು ಹೊಸಿಲು ದಾಟಬಾರದು ಎಂದು ಮೆಲ್ಲಗೆ ಹೇಳಿದಳು.

ಸುಂಗ್ ಅತ್ತಿಗೆ ಗುಯಿಲಾನಳ ಮೇಲಿನ ಕಣ್ಣು ತೆಗೆಯಲಿಲ್ಲ. “ಚಿಂದಿ ಇಲ್ಲ ಅಂತ ಒಂದು ಮಾತು ಅಂದಿದ್ರೆ ನಾನೇ ಕೊಡ್ತಿದ್ನಲ್ಲೇ.”

ಹೌದು, ಇರಲಿಲ್ಲ ಎಂದಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಗುಯಿಲಾನ್ ನೆಲ ನೋಡಿದಳು. “ಇತ್ತು ಅತ್ತಿಗೆ.”

ಯುದ್ಧ ಮುಗಿಯುವವರೆಗೂ ಅವಳು ಜೋಡು ಹೊಲಿದಳು. ಫಾಂಗ್ ಚಿಕ್ಕಮ್ಮ ಅವಳ ಜೋಡುಗಳನ್ನು ತೆಗೆದುಕೊಳ್ಳುವ ಮುನ್ನ ಒಂದನ್ನು ಚಾಕುವಿನಿಂದ ಸೀಳಿ ನೋಡುತ್ತಿದ್ದಳು. ಗುಯಿಲಾನ್ ಪ್ರತಿಸಲ ಒಂದು ಜೋಡಿ ಹೆಚ್ಚಾಗಿಯೇ ತರುತ್ತಿದ್ದಳು, ಸೀಳುವುದಕ್ಕೆಂದು.