ಬಸ್ಸು ಬಂದಳು

ಸೂರತ್ತಿನ ವರಾಛಾದಲ್ಲಿದ್ದಾಗ ಭಾನುವಾರ ಬೇಗ ಅಡುಗೆ ಮುಗಿಸಿ, ಮೊಸರನ್ನದ ಡಬ್ಬಿ ಚೀಲಕ್ಕೆ ಹಾಕಿಕೊಂಡು, ಮಗಳನ್ನು ಮ್ಯಾಟಿನಿಗೆ ಕರೆದೊಯ್ಯುತ್ತಿದ್ದೆ. ಯಜಮಾನರದು ಬ್ಯಾಂಕಿನ ಕೆಲಸ. ವರ್ಗವಾಗಿ ಮೈಸೂರು ಬಿಟ್ಟ ನನಗೆ ಹಿಂದಿ ಕಲಿಸಿದ್ದೇ ಸಿನಿಮಾ. ಆಗಿನ ಹಿಂದಿ ಸಿನಿಮಾಗಳಲ್ಲಿ ನಗಿಸಲಿಕ್ಕೆಂದೇ ನಮ್ಮ ಕಡೆಯವನೊಬ್ಬ ಇರುತ್ತಿದ್ದ. ಹಣೆ ತುಂಬ ವಿಭೂತಿ, ಎತ್ತಿ ಕಟ್ಟಿದ ಲುಂಗಿ, ಬಾಯಿ ತೆರೆದರೆ ‘ಅಯ್ಯೋಜಿ’. ವಜ್ರ ಉಜ್ಜುವ ಕಾರ್ಖಾನೆಯವರೆಲ್ಲ ಸೀಟು ಬಡಿದು ನಗುತ್ತಿದ್ದರು. ಎಂಟು ವರ್ಷದ ಮಗಳೂ ನಗುತ್ತ, ತೆರೆ ಬಿಟ್ಟು ನನ್ನ ಮುಖ ನೋಡುತ್ತಿದ್ದಳು.

ಆಮೇಲೆ ವಡೋದರಾಕ್ಕೆ ವರ್ಗವಾಯಿತು. ಫತೇಗಂಜಿನ ಮನೆಯ ಬಾಲ್ಕನಿಯಿಂದ ದಿನಾ ಬೆಳಗ್ಗೆ ಶಾಲೆಯ ಬಸ್ಸು ಕಂಡ ಕೂಡಲೇ “ಬಸ್ ಆ ಗಯಾ” ಎಂದು ಕೂಗುತ್ತಿದ್ದೆ. “ಗಯೀ, ಮಮ್ಮಿ, ಗಯೀ!” ಎಂದು ತಿದ್ದುತ್ತಲೇ ಮಗಳು ಮೆಟ್ಟಿಲಿಳಿಯುತ್ತಿದ್ದಳು. ಹಿಂದಿಯಲ್ಲಿ ಬಸ್ಸು ಹೆಣ್ಣು. ನಮಗೆ ಬಸ್ಸು ಬಸ್ಸೇ, ಬಂತು ಅಂದರೆ ಮುಗಿಯಿತು. ಅವಳು ಮಾತ್ರ ಹಿಂದಿಯ ಲೆಕ್ಕದಲ್ಲಿ ಕನ್ನಡದಲ್ಲೂ “ಬಸ್ಸು ಬಂದಳು” ಅನ್ನುತ್ತಿದ್ದಳು. ನಾನೂ ತಿದ್ದುತ್ತಿದ್ದೆ.

ಒಂದು ಗಣರಾಜ್ಯ ದಿನ ಅಪಾರ್ಟ್‌ಮೆಂಟಿನ ಅಂಗಳದಲ್ಲಿ ಮಕ್ಕಳ ಕಾರ್ಯಕ್ರಮವಿತ್ತು. ಮಗಳು ನನ್ನದೇ ಸೀರೆ ಸುತ್ತಿಕೊಂಡು, ಹಣೆಗೆ ಬೂದಿ ಬಳಿದುಕೊಂಡು ವೇದಿಕೆ ಹತ್ತಿದಳು. “ಅಯ್ಯೋಜಿ, ಬಸ್ ಆ ಗಯಾ! ಇಡ್ಲಿ ಕಾವೋ, ಬಸ್ ಆ ಗಯಾ!” ಕೆಳಮನೆಯಾಕೆ ನಕ್ಕು ನಕ್ಕು ನನ್ನ ಭುಜಕ್ಕೇ ಒರಗಿದರು. ಮೊದಲ ಬಹುಮಾನ ಸ್ಟೀಲಿನ ಡಬ್ಬ. ಅದರಲ್ಲಿ ಇವತ್ತಿಗೂ ಸಾಸಿವೆ ಇಡುತ್ತೇನೆ. ಅವತ್ತಿನಿಂದ ಅವಳ ಕನ್ನಡ ತಿದ್ದುವುದನ್ನು ಬಿಟ್ಟೆ.

ಹತ್ತೇ ವರ್ಷದಲ್ಲಿ ಸಿನಿಮಾ ತಿರುವುಮುರುವಾಯಿತು. ನಾವು ಹೋಗುತ್ತಿದ್ದ ಹಳೆಯ ಟಾಕೀಸು ಮದುವೆ ಹಾಲ್ ಆಯಿತು. ಮಲ್ಟಿಪ್ಲೆಕ್ಸಿನಲ್ಲಿ ನಮ್ಮ ಕಡೆಯ ಚಿತ್ರಗಳು ಹಿಂದಿ ಮಾತನಾಡತೊಡಗಿದವು. ಲುಂಗಿಯವನೇ ಹೀರೋ, ಜನ ಶಿಳ್ಳೆ ಹೊಡೆದದ್ದೂ ಅವನಿಗೇ. ಅದೇ ಕೆಳಮನೆಯಾಕೆ ಬಂದು, “ಬೆನ್, ಲುಂಗಿ ಎತ್ತಿ ಕಟ್ಟೋದು ನಮ್ಮವರಿಗೆ ಕಲಿಸಿಕೊಡಿ” ಅಂದರು.

ಮಗಳು ಆಗ ನಾಟಕ ಕಲಿಯುತ್ತಿದ್ದಳು. ಹಿಂದಿ ಸಿನಿಮಾವೊಂದಕ್ಕೆ ಅಚ್ಚ ಕನ್ನಡದ ಹುಡುಗಿ ಬೇಕಾಗಿದ್ದಾಳೆ, ಆಯ್ಕೆ ಅಹಮದಾಬಾದಿನಲ್ಲಿ ಎಂದು ಕುಣಿಯುತ್ತ ಬಂದಳು. ಅವರು ಕೊಟ್ಟ ಹಿಂದಿ ಮಾತನ್ನು ತಾನೇ ಕನ್ನಡ ಮಾಡಿದ್ದಳು. ನಾನು ತೊಗರಿಕಾಯಿ ಸುಲಿಯುತ್ತಿದ್ದೆ. ಎದುರು ನಿಂತು ಹೇಳಿದಳು: “ರಾತ್ರಿ ಮುಗಿದಳು. ಚಹಾ ಆರಿಹೋದಳು. ಬಸ್ಸು ಬಂದಳು.”

“ಸರಿ ಇದೆಯಾ ಮಮ್ಮಿ? ತಪ್ಪಿದ್ರೆ ಹೇಳು ನಾ. ಇಂಥ ಚಾನ್ಸ್ ಮತ್ತೆ ಸಿಗಲ್ಲ.”

ನಾನು ಕಾಳು ಬಿಡಿಸಿ, ಸಿಪ್ಪೆ ಬೇರೆ ಮಾಡಿ, ನಿಧಾನವಾಗಿ ಹೇಳಿದೆ: “ಚೆನ್ನಾಗಿದೆ ಕಣೇ. ಹೀಗೇ ಹೇಳು.”

ಜೊತೆಗೆ ಬಾ ಅಂದಳು, ಹೋದೆ. ಹಿಂದಿನ ಸಾಲಿನ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತೆ. ಮಾತು ತಿದ್ದಲಿಕ್ಕೆ ಬೆಂಗಳೂರಿನಿಂದ ಬಂದಿದ್ದ ಹೆಂಗಸು ಕಿವಿಗೊಟ್ಟು ಕೇಳಿ, “ಬಸ್ಸು ಬಂದಳಾ? ಸೀರೆ ಉಟ್ಕೊಂಡು ಬಂದಳಾ?” ಅಂದಳು. ಅದನ್ನೇ ಹಿಂದಿಯಲ್ಲಿ ಉಳಿದವರಿಗೂ ಬಿಡಿಸಿ ಹೇಳಿದಳು. ಇನ್ನೊಮ್ಮೆ ಹೇಳಿಸಿ, ಫೋನಿನಲ್ಲಿ ತುಂಬಿಕೊಂಡರು. “ಮಾತೃಭಾಷೆ ಕನ್ನಡ ಅಂತ ಬರೆದಿದ್ದೀರಲ್ಲಾ! ತಾಯಿ ಯಾವೂರವರಮ್ಮಾ?”

ಮಗಳು ತಿರುಗಿ ನನ್ನ ಮುಖ ನೋಡಿದಳು. ಎಲ್ಲರ ಜೊತೆ ನಾನೂ ನಗುತ್ತಿದ್ದೆ.

ಬಸ್ ಸ್ಟ್ಯಾಂಡಿಗೆ ನಡೆದು ಬಂದೆವು. ಬೆಂಚಿನ ಮೇಲೆ ಕೂತ ಮೇಲೆ, “ನಿಂಗೆ ಗೊತ್ತಿತ್ತು” ಅಂದಳು.

“ಗೊತ್ತಿತ್ತು.”

ಡಬ್ಬಿ ತೆಗೆದು ಮೊಸರನ್ನ ಚಾಚಿದೆ. ಮುಟ್ಟಲಿಲ್ಲ. ಅಷ್ಟರಲ್ಲಿ ವಡೋದರಾದ ಬಸ್ಸು ತಿರುಗಿಕೊಂಡು ಬಂದು ನಿಂತಿತು.

“ಬಸ್ ಆ ಗಯಾ” ಅಂದೆ.

ಅವಳು ತಿದ್ದಲಿಲ್ಲ. ನನಗಿಂತ ಮೊದಲೇ ಹತ್ತಿ, ಯಾರೋ ಹೆಂಗಸಿನ ಪಕ್ಕ ಕೂತುಬಿಟ್ಟಳು.