ಕ್ಲೆಬೇರ್ ಮಾವ ಕೇಳದೆ ಬಿಟ್ಟ ಕುಣಿತ

ಭಾನುವಾರ ಮಧ್ಯಾಹ್ನ ನಮ್ಮೂರ ಫ್ರೂಜೆ ಡ್ಯಾನ್ಸ್ ಹಾಲ್‌ನಲ್ಲಿ ಅಕಾರ್ಡಿಯನ್ ಶುರುವಾಯಿತೆಂದರೆ, ಗೋಡೆ ಬದಿಯ ಬೆಂಚಿನ ಮೇಲೆ ಯಾವ ಹೆಂಗಸನ್ನೂ ಸುಮ್ಮನೆ ಕೂರಲು ಕ್ಲೆಬೇರ್ ಮಾವ ಬಿಡುತ್ತಿರಲಿಲ್ಲ. ವಿಧವೆಯರು, ದಪ್ಪಗಿದ್ದವರು, ನಾಚುವವರು, ಎಲ್ಲರ ಮುಂದೆಯೂ ಅವನ ಕೈ ಚಾಚುತ್ತಿತ್ತು. ಅವನು ಎಂದೂ ಎಬ್ಬಿಸದಿದ್ದದ್ದು ತನ್ನ ಹೆಂಡತಿ ಎಲ್ಮಿರ್ ಅತ್ತೆಯನ್ನು ಮಾತ್ರ.

ಮಾವ ನನ್ನ ಅಮ್ಮನ ತಮ್ಮ. ವಾರವಿಡೀ ಭತ್ತ ಒಣಗಿಸುವ ಗಿರಣಿಯಲ್ಲಿ ಧೂಳು ಕುಡಿಯುತ್ತಿದ್ದ. ನಮ್ಮ ಕಡೆಯ ಅರ್ಧಕ್ಕರ್ಧ ಹುಡುಗಿಯರಿಗೆ ಹೆಜ್ಜೆ ಕಲಿಸಿದವನು ಅವನೇ, ಅದೂ ನಮ್ಮ ಅಡುಗೆಮನೆಯಲ್ಲಿ, ಒಲೆಯ ಮೇಲೆ ಗಂಬೋ ಸಾರು ಕುದಿಯುತ್ತಿರುವಾಗ. ವಾಲ್ಟ್ಜ್ ಅಂದರೆ ಒಂದು ಉದ್ದ ಹೆಜ್ಜೆ, ಎರಡು ಗಿಡ್ಡ. ಟೂ-ಸ್ಟೆಪ್ ಅಂದರೆ ಎಡಕ್ಕೆ ಇಡು, ಕೂಡಿಸು, ಮತ್ತೆ ಇಡು, ತಾಗಿಸು; ಆಮೇಲೆ ಅದೇ ಬಲಕ್ಕೆ. ಪಾದ ನೆಲ ಸವರಿಕೊಂಡೇ ಹೋಗಬೇಕು. ಯಾರಾದರೂ ಪುಟಿದರೆ, ಕಾಲಡಿ ಏಡಿ ಸಿಕ್ಕಿತೇನೋ ಎಂದು ಛೇಡಿಸುತ್ತಿದ್ದ.

ಅತ್ತೆಗೆ ಚಿಕ್ಕಂದಿನಲ್ಲಿ ಪೋಲಿಯೋ ಬಂದು ಎಡಗಾಲು ಗಿಡ್ಡವಾಗಿತ್ತು. ಅವಳ ಹದಿನೆಂಟನೇ ವಯಸ್ಸಿನಲ್ಲಿ ಮಾವ ಇದೇ ಹಾಲ್‌ನಲ್ಲಿ ಕೈ ಚಾಚಿದಾಗ ಅವಳು ನಾಚಿಕೆಯಿಂದ ಒಲ್ಲೆ ಅಂದಳು. ಒಮ್ಮೆ ಒಲ್ಲೆ ಅಂದ ಹೆಣ್ಣನ್ನು ನಮ್ಮ ಗಂಡಸರು ಮತ್ತೆ ಕುಣಿಯಲು ಕರೆಯುವುದಿಲ್ಲ. ಹೆಣ್ಣಂತೂ ತಾನಾಗಿ ಕೇಳುವ ಹಾಗೇ ಇಲ್ಲ. ಮಾವ ಅವಳ ಪಕ್ಕ ಕೂತ, ವರ್ಷದೊಳಗೆ ಮದುವೆಯಾದ, ಆದರೆ ಕುಣಿಯಲು ಮತ್ತೆ ಕರೆಯಲಿಲ್ಲ. ಅದನ್ನು ಅವನು ಮರ್ಯಾದೆ ಅಂದುಕೊಂಡಿದ್ದ. ನನ್ನನ್ನು ಕೇಳಿದರೆ ಅದು ಶುದ್ಧ ಹಟ.

ಎಂಬತ್ತೆರಡನೇ ಇಸವಿಯ ಸುಮಾರಿಗೆ ಲಫಾಯೆಟ್ ಪಟ್ಟಣದ ಕಡೆಯ ಹುಡುಗರು ಜಿಟರ್‌ಬಗ್ ತಂದರು. ಎರಡೂ ಕೈ ಹಿಡಿದುಕೊಂಡು, ತೋಳಿನಡಿ ನುಸುಳಿ ತಿರುಗುವ ಕುಣಿತ. ಆದರೆ ಮಜಾ ಇರುವುದು ಕಾಲಿನಲ್ಲಿ. ಪ್ರತಿ ತಾಳಕ್ಕೂ ಒಂದು ಮಂಡಿ ಕುಸಿದು, ಮೈ ಒಂದು ಕಡೆಗೆ ವಾಲುತ್ತದೆ, ಥೇಟ್ ಕುಂಟಿದ ಹಾಗೆ. ಅದನ್ನು ನೋಡಿದ ದಿನ ಅತ್ತೆ ಬೆಂಚಿನಿಂದಲೇ ನನ್ನ ಸೊಂಟ ತಿವಿದಳು.

"ನೋಡೇ ಯೂಲಾ, ಊರಿಗೂರೇ ನನ್ ಥರ ನಡೀತಿದೆ."

ಆಮೇಲೆ ಮಾವ ಗಿರಣಿಗೆ ಹೋದಾಗ ಅವಳು ನನ್ನ ಜೊತೆ ಅದನ್ನು ಕಲಿಯಲು ನಮ್ಮ ಅಡುಗೆಮನೆಗೆ ಬರತೊಡಗಿದಳು. ಎರಡೇ ವಾರದಲ್ಲಿ ನನಗಿಂತ ಚೆನ್ನಾಗಿ ಕಲಿತಳು. ಮಾವನಿಗೆ ಹೇಳಬಾರದೆಂದು ನನ್ನಿಂದ ಆಣೆ ಹಾಕಿಸಿಕೊಂಡಳು. "ಹೇಳಿ ಕರೆಸ್ಕೊಂಡ್ರೆ ಏನ್ ಚೆಂದ? ಅವ್ನಾಗೇ ಕರೀಬೇಕು" ಅಂದಳು.

ಅವರು ಮದುವೆಯಾದ ತಾರೀಖು ಆ ವರ್ಷ ಭಾನುವಾರವೇ ಬಂತು. ಜಿಟರ್‌ಬಗ್ ಶುರುವಾದಾಗ ಅತ್ತೆ ಮೊದಲ ಬಾರಿಗೆ ಬೆಂಚು ಬಿಟ್ಟೆದ್ದು, ಕುಣಿಯುವ ಜಾಗದ ಅಂಚಿಗೆ ಬಂದು ನಿಂತಳು. ಹೊಸ ಷೂ ಹಾಕಿದ್ದಳು. ಆಗತಾನೇ ನನ್ನ ಜೊತೆ ವಾಲ್ಟ್ಜ್ ಮುಗಿಸಿದ್ದ ಮಾವ ಬೆವರೊರೆಸಿಕೊಳ್ಳುತ್ತ ಅವಳ ಪಕ್ಕಕ್ಕೇ ಬಂದ. ಹುಡುಗರನ್ನು ನೋಡಿ ನಾಲ್ಕು ಜನಕ್ಕೆ ಕೇಳುವ ಹಾಗೆ ಹೇಳಿದ:

"ಇದೂ ಒಂದ್ ಡ್ಯಾನ್ಸಾ? ಕೈಕಾಲ್ ನೆಟ್ಟಗಿರೋರು ಹಿಂಗ್ ಕುಂಟೋದಕ್ಕೆ ನಾಚ್ಕೆ ಆಗಲ್ವಾ?"

ಅತ್ತೆ, ನೀರು ಕುಡಿಯೋಕೆ ಎದ್ದೆ ಅಂದಳು. ನೀರು ಕುಡಿದು ಬೆಂಚಿಗೆ ಹೋಗಿ ಕೂತಳು. ನಾನು ಅಲ್ಲೇ ಇದ್ದೆ. "ಮಾವ, ಅತ್ತೆ ನಿನ್ನ ಕೈಗೆ ಕಾಯ್ತಿದಾಳೆ" ಎಂದು ಒಂದೇ ಒಂದು ಮಾತು ಹೇಳಿದ್ದರೆ ಸಾಕಿತ್ತು. ಹಾಳು ಆಣೆ, ಹೇಳಲಿಲ್ಲ. ಆ ಸಲದ ಭತ್ತದ ಕೊಯ್ಲು ಮುಗಿಯುವ ಮೊದಲೇ ಎದೆನೋವು ಬಂದು ಅತ್ತೆ ಹೋಗಿಬಿಟ್ಟಳು.

ಸೂತಕದ ಒಂದು ವರ್ಷ ಮಾವ ಹಾಲ್‌ನ ಹೊಸ್ತಿಲು ತುಳಿಯಲಿಲ್ಲ. ವರ್ಷ ಕಳೆದ ಮೇಲೆ ನಮ್ಮ ಮನೆಗೆ ಬಂದು ಕಾಫಿ ಕುಡಿಯುತ್ತ, ಹಾಲ್‌ನಲ್ಲಿ ಈಗಲೂ ಆ ಕುಂಟು ಕುಣಿತವೇ ನಡೆದಿದೆಯಾ ಎಂದು ಹೀಯಾಳಿಸಿದ. ನನಗೆ ತಡೆಯಲಾಗಲಿಲ್ಲ. ಅಡುಗೆಮನೆ, ಆಣೆ, ಹೊಸ ಷೂ, ನೀರಿನ ನೆಪ, ಎಲ್ಲವನ್ನೂ ಹೇಳಿಬಿಟ್ಟೆ. ಅವನು ಲೋಟ ಕೆಳಗಿಟ್ಟ. ಆಮೇಲೆ ಎದ್ದು ಕುರ್ಚಿ ಬದಿಗೆ ಸರಿಸಿದ.

"ತೋರ್ಸು" ಅಂದ.

ರೇಡಿಯೋ ಹಾಕಿ ಅವನ ಎರಡೂ ಕೈ ಹಿಡಿದುಕೊಂಡೆ. ಮಂಡಿ ಎಲ್ಲಿ ಕುಸಿಯಬೇಕು, ಯಾವಾಗ ಏಳಬೇಕು ಎಂದು ಹೇಳಲು ಬಾಯಿ ತೆರೆಯುವಷ್ಟರಲ್ಲಿ ಅವನು ಹೆಜ್ಜೆ ಹಾಕುತ್ತಲೇ ಇದ್ದ. ಒಂದು ಹೆಜ್ಜೆಯೂ ತಪ್ಪಲಿಲ್ಲ. ಅದನ್ನು ನಾನು ವಾರಗಟ್ಟಲೆ ಎಡವಿ ಕಲಿತಿದ್ದೆ.

"ಇದನ್ನ ಎಲ್ಲಿ ಕಲ್ತೆ ಮಾವ?"

"ಮೂವತ್ತೆಂಟ್ ವರ್ಷ ಪ್ರತಿ ಭಾನುವಾರ ಚರ್ಚಿಗೆ ಅವಳ ಪಕ್ಕದಲ್ಲೇ ನಡ್ಕೊಂಡ್ ಹೋಗಿದೀನಿ ಮಗಳೇ. ಅವಳ್ ಹೆಜ್ಜೆಗೆ ಹೆಜ್ಜೆ ಹಾಕ್ಕೊಂಡೇ ಹೋಗಿದ್ದು."

ಹಾಡು ಇನ್ನೂ ಅರ್ಧ ಬಾಕಿಯಿತ್ತು. ಅವನು ನನ್ನ ಕೈ ಬಿಟ್ಟು ರೇಡಿಯೋ ಆರಿಸಿದ.