ನಿಂತವರ ಮುಂದೆ ಚಹಾ

ಹುರಿದ ಜಪಾನಿ ಚಹಾದ ಡಬ್ಬಿ ತೆರೆದರೆ ಲಂಡನ್ನಿನ ಈಸ್ಟ್ ಹ್ಯಾಮಿನ ನಮ್ಮ ಅಡುಗೆಮನೆಯಲ್ಲಿ ಹುರಿಗಡಲೆಯ ವಾಸನೆ ಏಳುತ್ತದೆ. ಇವತ್ತು ಅದನ್ನು ತೆರೆದದ್ದು ಜಪಾನಿನ ಫುಮಿಕೊ ಅವರಿಗಾಗಿ. ಮೊಳಕಾಲು ನೋವೆಂದು ಅಂಗಡಿ ಮುಚ್ಚಿದ ಮೇಲೆ ಅವರು ಮೊದಲ ಸಲ ನಮ್ಮ ಮನೆಗೆ ಬಂದಿದ್ದಾರೆ.

ಪಾರ್ಕ್ ರಾಯಲ್‌ನ ಗೋದಾಮುಗಳ ನಡುವೆ, ರಸ್ತೆಗೆ ಮುಖ ಮಾಡಿದ್ದ ಪುಟ್ಟ ಚಹಾದಂಗಡಿ ಅವರದು. ದೂರದೂರಿಗೆ ಲಾರಿ ಓಡಿಸುವವರು, ಏರ್‌ಪೋರ್ಟಿಗೆ ಹೊರಟವರು, ಪಕ್ಕದ ಬಿಸ್ಕತ್ತು ಕಾರ್ಖಾನೆಯಲ್ಲಿ ಪ್ಯಾಕಿಂಗಿಗಿದ್ದ ನಾನು, ಎಲ್ಲರಿಗೂ ಒಂದೇ ಮರ್ಯಾದೆ. ಬಂದಾಗ ಬಾಗುವುದು, ಹಿಡಿಯಿಲ್ಲದ ಬಟ್ಟಲಲ್ಲಿ ಚಹಾ, ಹೊರಟಾಗ ಬಾಗಿಲ ತನಕ ಬಂದು ಮತ್ತೆ ಬಾಗುವುದು. ಲಾರಿ ತಿರುವು ದಾಟುವ ತನಕ ತಲೆ ಎತ್ತುತ್ತಿರಲಿಲ್ಲ. ಮೊಳಕಾಲು ನೋಯದೆ ಇದ್ದೀತೆ, ನೀವೇ ಹೇಳಿ.

ನನ್ನ ಸಂಕಟ ಬೇರೆ. ನಾನು ಕುಡಿದು ಮುಗಿಸುವ ತನಕ ಅವರು ಕೆಟಲ್ ಹಿಡಿದು ನಿಂತೇ ಇರುತ್ತಿದ್ದರು. ಧಾರವಾಡದವಳ ಗಂಟಲಲ್ಲಿ ಇದು ಇಳಿಯುತ್ತದೆಯೇ? ಪಾಪ, ಬೇಗ ಬಿಡುಗಡೆ ಮಾಡೋಣವೆಂದು ನಾಲಿಗೆ ಸುಟ್ಟುಕೊಂಡು ಗಟಗಟ ಕುಡಿದರೆ, ಎಷ್ಟು ಬಾಯಾರಿದೆಯೋ ಎಂದು ಅವರು ಮತ್ತೆ ತುಂಬಿಸುತ್ತಿದ್ದರು.

ಒಂದು ಬೇಸಿಗೆಯಲ್ಲಿ ಧಾರವಾಡದಿಂದ ಅತ್ತೆ ಬಂದರು. ಅಂಗಡಿಗೆ ಕರೆದುಕೊಂಡು ಹೋದರೆ ಬಟ್ಟಲು ಮುಟ್ಟಲೇ ಇಲ್ಲ.

“ಆಕಿ ನಿಂತಾಳ, ನಾ ಕುಂತು ಹೆಂಗ ಕುಡೀಲಿ?”

“ಇಲ್ಲಿ ಪದ್ಧತೀನ ಹಿಂಗ ಅದರಿ ಅತ್ಯಾರ. ಕುಡೀರಿ.”

“ಇರ್ಲಿ ತಗೋ. ನಮ್ಮ ಪದ್ಧತಿ ಹಂಗಿಲ್ಲ.”

ಫುಮಿಕೊ ಅವರ ಮುಖ ಬಾಡಿತು. ಚಹಾ ಕೆಟ್ಟಿರಬೇಕೆಂದು ಒಯ್ದು ಹೊಸದು ಮಾಡಿ ತಂದರು. ಅದೂ ಆರಿತು. ಮತ್ತೊಂದು ಬಂತು. ನನಗೆ ನಿಜವಾಗಿಯೂ ಹೆದರಿಕೆಯಾಯಿತು. ಇಷ್ಟು ದೊಡ್ಡ ಲಂಡನ್ನಿನಲ್ಲಿ ನನ್ನನ್ನು ಕಂಡು ಹಿಗ್ಗುವ ಬಾಗಿಲು ಆಗ ಅದೊಂದೇ. ಅತ್ತೆಯ ಹಟಕ್ಕೆ ಅದೂ ಮುಚ್ಚಿಹೋದರೆ?

ಅತ್ತೆ ಎದ್ದು ಇನ್ನೊಂದು ಕುರ್ಚಿ ಎಳೆದು, ಸೆರಗಿನಿಂದ ಒರೆಸಿ, “ಕುಂದ್ರವಾ” ಎಂದರು. ಫುಮಿಕೊ ಬಾಗಿಲ ಕಡೆ ನೋಡಿದರು. ಗಿರಾಕಿ ಯಾರೂ ಇರಲಿಲ್ಲ. ಕುರ್ಚಿಯ ತುದಿಗೆ ಕುಳಿತರು. ಆಮೇಲೆಯೇ ಅತ್ತೆಯ ಮೊದಲ ಗುಟುಕು. ಅಷ್ಟರಲ್ಲಿ ಲಾರಿಯವನೊಬ್ಬ ಒಳಬಂದ. ಏಳಹೋದ ಫುಮಿಕೊ ಅವರ ಕೈಯನ್ನು ಅತ್ತೆ ಬಿಡಲಿಲ್ಲ. ಅವನೇ ಕೆಟಲ್ ಎತ್ತಿ ಚಹಾ ಬಗ್ಗಿಸಿಕೊಂಡ.

ಅಂದಿನಿಂದ ನಾನು ಹೋದಾಗ ಅವರೂ ಕುಳಿತುಕೊಳ್ಳುತ್ತಿದ್ದರು. ನನ್ನ ನಾಲಿಗೆ ಉಳಿಯಿತು. ಅತ್ತೆ ಊರಿಗೆ ಮರಳಿದ ಮೇಲೂ ಫೋನಿನಲ್ಲಿ ಕೇಳುತ್ತಾರೆ, “ಆ ಚಾದಾಕಿ ಕುಂದರ್ತಾಳೇನು?”

ಇವತ್ತು ಫುಮಿಕೊ ಅವರ ಮುಂದೆ ಚಹಾ ಇಟ್ಟೆ, ಚಕ್ಕುಲಿ ಇಟ್ಟೆ, ಇನ್ನೇನು ಬೇಕಾದೀತೋ ಎಂದು ಪಕ್ಕದಲ್ಲೇ ನಿಂತೆ. ಅವರು ಮುಟ್ಟಲಿಲ್ಲ. ಬಿಸಿ ಸಾಲದೆ ಎಂದು ಕೇಳಿದೆ. ಹಾಗಲ್ಲವೆಂದು ತಲೆಯಾಡಿಸಿದರು. ಚಹಾ ಆರುತ್ತ ಬಂತು. ಕೊನೆಗೆ ಮೊಳಕಾಲು ಹಿಡಿದುಕೊಂಡು ಎದ್ದು, ಎದುರಿನ ಕುರ್ಚಿಯನ್ನು ನನ್ನತ್ತ ಎಳೆದರು.

“ಕುಂದ್ರವಾ” ಎಂದರು.

ಕುಳಿತೆ. ಆಮೇಲೆ ಅವರು ಬಟ್ಟಲು ಎತ್ತಿದರು.